ವಖಾರದ ಬಾಗಿಲಿನ ಕುರ್ಚಿ

ಕರೋಶಿ
೧೨ ನವೆಂಬರ್ ೨೦೧೮

ಬಿಷಪ್ ಸಾಹೇಬರಿಗೆ ಬಡಗಿ ನಬಿಸಾಬನ ಸಲಾಂ.

ಮೇಲಿನ ಸಾಲು ಊರಿನ ಮರ್ಯಾದೆಗೆ ಬರೆದದ್ದು. ಇನ್ನು ಮುಂದೆ ನೀನು ನನಗೆ ಸುಹಾಸ, ನಾನು ನಿನಗೆ ನಬಿ. ನಾಲ್ಕನೇ ಇಯತ್ತೆಯಲ್ಲಿ ನನ್ನ ಪಾಟಿಯ ಮೇಲೆ ಉಗುಳಿ ಲೆಕ್ಕ ಒರೆಸಿದವನಿಗೆ ನಾನು 'ತಾವು' ಅನ್ನಲಾರೆ.

ಫೋನ್ ಮಾಡಲಿಲ್ಲವೆಂದು ಬೇಸರ ಬೇಡ. ಮೂವತ್ತು ವರ್ಷ ಕಟ್ಟಿಗೆ ಕೊಯ್ಯುವ ಮಷಿನ್ ಪಕ್ಕ ನಿಂತು ನನ್ನ ಎರಡೂ ಕಿವಿ ಹೋಗಿವೆ. ಹುಸೇನಬಿ ಬೈದರೂ ತುಟಿ ನೋಡಿಯೇ ತಿಳಿಯಬೇಕು. ಬೇಡವಾದಾಗ ಬೇರೆ ಕಡೆ ನೋಡುತ್ತೇನೆ; ಅದಕ್ಕೇ ನಮ್ಮ ಸಂಸಾರ ಚೆನ್ನಾಗಿದೆ.

ನೀನು ಬಿಷಪ್ ಆದ ಸುದ್ದಿ ಬಂದ ದಿನ ನಿನ್ನಕ್ಕ ನೀಲಮ ಚರ್ಚಿನ ಗಂಟೆ ಎಷ್ಟು ಹೊತ್ತು ಬಾರಿಸಿದಳೆಂದರೆ, ಎಲ್ಲೋ ಬೆಂಕಿ ಬಿದ್ದಿದೆ ಎಂದು ಜನ ಕೊಡ ಹಿಡಿದು ಓಡಿಬಂದರು. ನಿಮ್ಮ ಏಳು ಕ್ರೈಸ್ತ ಮನೆಯವರಿಗಿಂತ ನೋಡಲು ಬಂದ ಉಳಿದವರೇ ಹೆಚ್ಚು. ಸಂಜೆ ಅವಳು ನನ್ನ ಶೆಡ್ಡಿಗೆ ಬಂದು ಕೈಸನ್ನೆ ಮಾಡಿ, ಸಾಲದ್ದಕ್ಕೆ ಕೂಗಿ, ಹೇಳಿದಳು: "ನಬೀ, ನಮ್ಮ ಚರ್ಚಿನ್ಯಾಗ ಬಿಷಪ್ಪರ ಕುರ್ಚಿಗೆ ಗೆದ್ದಲ ಹತ್ತೈತಿ. ನನ್ನ ತಮ್ಮ ಬಂದ್ರ ಎಲ್ಲಿ ಕೂಡಬೇಕು, ನಿನ್ನ ತಲಿ ಮ್ಯಾಲ?"

ಹಾಗಾಗಿ ಕುರ್ಚಿ ಮಾಡಿದ್ದೇನೆ. ನಿಪ್ಪಾಣಿಯಲ್ಲಿ ತಂಬಾಕು ತುಂಬುವ ಹಳೆಯ ವಖಾರವೊಂದನ್ನು ಕೆಡವಿದರು. ನಿನ್ನಪ್ಪ ಭರಮು ಕಾಕಾ ಇಪ್ಪತ್ತು ವರ್ಷ ಮೂಟೆ ಹೊತ್ತು ಒಳಗೆ ಹೊರಗೆ ಓಡಾಡಿದ್ದು ಅದೇ ವಖಾರದ ಬಾಗಿಲಿನಿಂದ. ಸಾಗವಾನಿ ಬಾಗಿಲು. ತಂದು ಕೊಯ್ದೆ. ಒಂದೂ ಮೊಳೆ ಹೊಡೆದಿಲ್ಲ. ತೂತಿಗೆ ಹಲ್ಲು ಕೂಡಿಸಿ ಮಾಡಿದ್ದು. ಮಳೆಗಾಲದಲ್ಲಿ ಸ್ವಲ್ಪ ತಂಬಾಕಿನ ವಾಸನೆ ಬರಬಹುದು. ನಿನ್ನಪ್ಪ ಬಂದು ಮಾತಾಡಿಸಿದ ಎಂದುಕೋ.

ನೀಲಮಕ್ಕ ಪ್ರತಿ ಶನಿವಾರ ಅದನ್ನು ಒರೆಸುತ್ತಾಳೆ. ಮಕ್ಕಳು ಮುಟ್ಟಿದರೆ ಪೊರಕೆ ಎತ್ತುತ್ತಾಳೆ. ಆಮೇಲೆ ಒಂದು ಮಾತು ಹೇಳಿ ಕಳಿಸಿದ್ದಾಳೆ, ಅವಳ ಬಾಯಿಂದಲೇ ಕೇಳು: "ಅವಗ ಬರಿ. ಬರೂದಾದ್ರ ಬಿಷಪ್ಪರ ಕೋಲ ಹಿಡಕೊಂಡ ಬಾ, ಕುರ್ಚಿ ಮ್ಯಾಲ ಕೂತು ನನ್ನ ತಲಿ ಮ್ಯಾಲ ಕೈ ಇಡು. ಚಾ ಕುಡದ ಹೋಗಾಕಾದ್ರ ಬರಬ್ಯಾಡ."

ಯಾಕೆ ಹಾಗೆ ಎಂದು ನಿನಗೆ ಗೊತ್ತು. ಬಿಷಪ್ ತಲೆಯ ಮೇಲೆ ಕೈ ಇಟ್ಟು ದೃಢೀಕರಣ ಮಾಡುವ ತನಕ ನಿಮ್ಮಲ್ಲಿ ಪ್ರಭುಭೋಜನದ ರೊಟ್ಟಿ ಕೊಡುವುದಿಲ್ಲವಂತೆ. ಅರವತ್ತೊಂಬತ್ತರಲ್ಲಿ ಬಿಷಪ್ಪರು ಊರಿಗೆ ಬಂದಾಗ ಅವಳಿಗೆ ಹದಿನಾರು. ಬಿಳಿ ಸೀರೆ ತಂದಿಟ್ಟಿದ್ದರು. ಅದೇ ಬೆಳಿಗ್ಗೆ ನಿನ್ನ ಮೈತುಂಬ ದಡಾರ ಎದ್ದಿತು. ಅವ್ವ ವಖಾರದಲ್ಲಿ. ನೀಲಮಕ್ಕ ನಿನ್ನ ಹಣೆಯ ಮೇಲೆ ಒದ್ದೆ ಬಟ್ಟೆ ಹಾಕುತ್ತ ಮನೆಯಲ್ಲೇ ಉಳಿದಳು. ಮುಂದೆ ಬಿಷಪ್ ಬರುವ ಹೊತ್ತಿಗೆ ಕಾಡಸಿದ್ದನನ್ನು ಮದುವೆಯಾಗಿ ಬೇರೆ ದೇವರ ಮನೆ ಸೇರಿದ್ದಳು. ಅವನು ತೀರಿ ತವರಿಗೆ ಬಂದ ಮೇಲೆ ಈ ಊರಿಗೆ ಯಾವ ಬಿಷಪ್ಪರ ಕಾಲೂ ಬಿದ್ದಿಲ್ಲ. ಚಿಕ್ಕೋಡಿಗೆ ಬಿಷಪ್ ಬಂದಾಗ ಅಲ್ಲಿ ಹೋಗಿ ಕೈ ಇಡಿಸಿಕೋ ಅಂದರೆ ಕೇಳುವವಳಲ್ಲ. ಉಳಿದವರು ಎದ್ದು ರೊಟ್ಟಿ ತಗೊಳ್ಳುವಾಗ ಇವತ್ತಿಗೂ ಹಿಂದಿನ ಚಾಪೆಯ ಮೇಲೆ ಒಬ್ಬಳೇ ಕೂತಿರುತ್ತಾಳೆ.

ಬೇಗ ಬಾ.

ನಬಿ


ಅಥಣಿ
೩ ಡಿಸೆಂಬರ್ ೨೦೧೮

ಪ್ರೀತಿಯ ನಬಿ,

ನಿನ್ನ ಪತ್ರ ಮೂರು ಸಲ ಓದಿದೆ. ಮೊದಲ ಸಲ ನಕ್ಕೆ. ಕುರ್ಚಿಯ ವಿಷಯಕ್ಕೆ ಬಂದಾಗ ಕಾರಿನಿಂದ ಇಳಿದು ಸ್ವಲ್ಪ ದೂರ ನಡೆದುಬಂದೆ. ಡ್ರೈವರ್ ಎದುರು ಕಣ್ಣೊರೆಸಿಕೊಳ್ಳುವ ಹಾಗಿಲ್ಲ.

ಆದರೆ ಒಂದು ಮಾತು ನಿನಗೆ ತಿಳಿಸಬೇಕು. ನಾನು ಬಿಷಪ್ ಅಲ್ಲ, ಸಹಾಯಕ ಬಿಷಪ್. ಕೋಲು ಇದೆ, ಉಂಗುರ ಇದೆ, ಕೈ ಇಡುವ ಅಧಿಕಾರ ಇದೆ. ಕುರ್ಚಿ ಮಾತ್ರ ಇಲ್ಲ. ಬಿಷಪ್ಪರ ಕುರ್ಚಿ ಬಿಷಪ್ಪರದೇ. ನಾನು ಅದರ ಪಕ್ಕ ಹಾಕಿದ ಇನ್ನೊಂದರ ಮೇಲೆ ಕೂಡುವವನು. ಅವರು ಹೋಗಲಾಗದ ಊರುಗಳಿಗೆ ನನ್ನನ್ನು ಕಳಿಸುತ್ತಾರೆ. ಯಾವ ಊರಿಗೆ ಹೋಗಬೇಕೆಂದು ಅವರು ಪತ್ರ ಬರೆದು ಕೊಟ್ಟರೆ ಮಾತ್ರ ಹೋಗಬಹುದು. ಅವರು ನಿವೃತ್ತರಾದರೆ ಅವರ ಜಾಗ ತಾನಾಗಿ ನನಗೆ ಬರುವುದಿಲ್ಲ. ಅದಕ್ಕೆ ಬೇರೆ ಆಯ್ಕೆ ನಡೆಯುತ್ತದೆ.

ನೀನು ಮಾಡಿದ ಕುರ್ಚಿಯೇ ಈ ಲೋಕದಲ್ಲಿ ನನ್ನ ಹೆಸರಿನ ಒಂದೇ ಕುರ್ಚಿ.

ರಾಯಬಾಗದಲ್ಲಿ ಬೋಧಕನಾಗಿದ್ದಾಗ ಸೈಕಲ್ ಮೇಲೆ ಚಿಂಚಲಿ, ಪಾಲಬಾವಿ ಸುತ್ತುತ್ತಿದ್ದೆ. ಆಗ ಯಾರ ಪತ್ರವೂ ಬೇಕಿರಲಿಲ್ಲ. ಅಕ್ಕನಿಗೆ ಹೇಳು, ಮೇ ತಿಂಗಳಲ್ಲಿ ಖಂಡಿತ ಬರುತ್ತೇನೆ. ಬಿಷಪ್ಪರ ಪತ್ರಕ್ಕಾಗಿ ಕೇಳಿದ್ದೇನೆ.

ನಿನ್ನ ಸುಹಾಸ


ಕರೋಶಿ
೨೦ ಜೂನ್ ೨೦೧೯

ಲೇ ಸುಹಾಸ,

ಮೇ ಬಂತು, ಹೋಯಿತು. ಚರ್ಚಿಗೆ ಸುಣ್ಣ ಹಚ್ಚಿದ್ದೆವು. ನಿಮ್ಮ ಏಳು ಮನೆಯವರು ಚಂದಾ ಎತ್ತಿ ಶೇಂಗಾ ಹೋಳಿಗೆ ಮಾಡುವುದೆಂದು ನಿಶ್ಚಯಿಸಿದ್ದರು. ನೀನು ಬರದಿದ್ದರೂ ಹೋಳಿಗೆ ಮಾಡಿದರು, ಶೇಂಗಾ ಹುರಿದಾಗಿತ್ತಲ್ಲ. ನಾನು ಒಂಬತ್ತು ತಿಂದೆ. ನಿನ್ನ ಪಾಲಿನದೂ ಅದರಲ್ಲಿ ಸೇರಿದೆ.

ದೃಢೀಕರಣದಲ್ಲಿ ಬಿಷಪ್ ಪ್ರಶ್ನೆ ಕೇಳುತ್ತಾರಂತೆ. ನೀಲಮಕ್ಕ ಉತ್ತರಗಳನ್ನು ಬಾಯಿಪಾಠ ಮಾಡಿದ್ದಾಳೆ. ಶನಿವಾರ ಕುರ್ಚಿ ಒರೆಸುತ್ತ ಅದಕ್ಕೇ ಉತ್ತರ ಹೇಳುತ್ತಾಳೆ. ನಾನು ಬಾಗಿಲಲ್ಲಿ ನಿಂತು ತುಟಿ ನೋಡಿ ಎಲ್ಲ ಕಲಿತುಬಿಟ್ಟಿದ್ದೇನೆ. ಇನ್ನೂ ತಡ ಮಾಡಿದರೆ ನೀನು ನನ್ನ ತಲೆಯ ಮೇಲೂ ಕೈ ಇಡಬೇಕಾದೀತು. ಆಮೇಲೆ ಹುಸೇನಬಿಗೆ ಉತ್ತರ ನೀನೇ ಹೇಳಬೇಕು.

ನೀಲಮಕ್ಕನ ತಬ್ಬೇತಿ ಚೆನ್ನಾಗಿದೆ, ಕಾಯಿಲೆ ಏನಿಲ್ಲ.

ನಬಿ


ಕಾಗವಾಡ
೨೮ ಆಗಸ್ಟ್ ೨೦೧೯

ಪ್ರೀತಿಯ ನಬಿ,

ಇಲ್ಲಿ ಕೃಷ್ಣೆ ಇಳಿದಿದ್ದಾಳೆ, ಕೆಸರು ಉಳಿದಿದೆ. ಮೂರು ವಾರದಿಂದ ಚಾದರ, ಅಕ್ಕಿ, ಔಷಧ ಹಂಚುತ್ತಿದ್ದೇವೆ. ನಿನ್ನೆ ಒಬ್ಬಳು ಮುದುಕಿ ಚಾದರ ತಗೊಂಡು, "ನೀ ಯಾವ ಇಲಾಖೆಯವನಪಾ?" ಅಂದಳು. ಚರ್ಚಿನವನು ಅಂದೆ. "ಯಾವ ಇಲಾಖೆಯಾದ್ರೇನ, ಬಂದ್ಯಲ್ಲ" ಅಂದಳು. ನನ್ನ ಮೂವತ್ತೈದು ವರ್ಷದ ಸೇವೆಗೆ ಇಷ್ಟು ಒಳ್ಳೆಯ ಸರ್ಟಿಫಿಕೇಟು ಯಾರೂ ಕೊಟ್ಟಿರಲಿಲ್ಲ.

ಕರೋಶಿಗೆ ಬರಲು ಬಿಷಪ್ಪರು ಇನ್ನೂ ಪತ್ರ ಕೊಟ್ಟಿಲ್ಲ. ಮತ್ತೆ ಕೇಳಿದ್ದೇನೆ.

ಅಕ್ಕನ ತಬ್ಬೇತಿಯ ಬಗ್ಗೆ ನಾನು ಕೇಳಿರಲಿಲ್ಲ. ನೀನು ಯಾಕೆ ಬರೆದೆ?

ಸುಹಾಸ


ಕರೋಶಿ
೮ ಫೆಬ್ರವರಿ ೨೦೨೧

ಲೇ ಸುಹಾಸ,

ಕೊರೋನಾದಲ್ಲಿ ಸತ್ತಿಲ್ಲ ಎಂದು ತಿಳಿಸಲು ಬರೆಯುತ್ತಿದ್ದೇನೆ. ನೀಲಮಕ್ಕನೂ ಸತ್ತಿಲ್ಲ. ಮೊಣಕಾಲು ಹಿಡಿದಿವೆ, ಅಷ್ಟೇ. ಬಸ್ ಹತ್ತಲು ಆಗುವುದಿಲ್ಲ. ಚರ್ಚಿಗೆ ಗೋಡೆ ಹಿಡಿದು ಹೋಗುತ್ತಾಳೆ. ನಿನಗೆ ಹೇಳಬೇಡ ಎಂದಿದ್ದಳು, ಹೇಳಿಬಿಟ್ಟೆ.

ಮೊನ್ನೆ ಕೆಲಸವಿಲ್ಲದೆ ನಿನ್ನ ಹಳೆಯ ಪತ್ರ, ಕಾರ್ಡು ಎಲ್ಲ ಹರಡಿಕೊಂಡು ಕೂತಿದ್ದೆ. ಅಥಣಿ, ಕಾಗವಾಡ, ರಾಯಬಾಗ, ನಿಪ್ಪಾಣಿ. ಈ ಊರುಗಳಿಗೆ ಗೆರೆ ಎಳೆದರೆ ಕರೋಶಿಯ ಸುತ್ತ ಒಂದು ಉಂಗುರವಾಗುತ್ತದೆ. ಎತ್ತು ಗಾಣದ ಸುತ್ತ ತಿರುಗುತ್ತದೆ, ಎಣ್ಣೆಗೆ ಮಾತ್ರ ಬಾಯಿ ಹಾಕುವುದಿಲ್ಲ. ಪಾಪ, ಅದರ ಕಣ್ಣಿಗೆ ಬಟ್ಟೆ ಕಟ್ಟಿರುತ್ತಾರೆ.

ವಿಷಯಕ್ಕೆ ಬರುತ್ತೇನೆ. ಹೋದ ವಾರ ಪ್ಯಾಂಟು ಇನ್‌ಶರ್ಟಿನ ಇಬ್ಬರು ಬಂದು ಚರ್ಚಿನ ಜಾಗಕ್ಕೆ ಟೇಪು ಹಿಡಿದರು. ರಸ್ತೆಗೆ ತಾಗಿದ ಹನ್ನೊಂದು ಗುಂಟೆ. ಯಾರು ಅಂದರೆ, ಮೇಲಿನ ಆಫೀಸಿನಿಂದ ಅಂದರು. ನಿಮ್ಮವರಿಗೆ ಗಾಬರಿಯಾಯಿತು. ನಾನು ಅವರಿಗೆ ನಮ್ಮಜ್ಜಿಯ ಕತೆ ಹೇಳಿದೆ.

ಒಂದೂರಲ್ಲಿ ಒಂದು ಕೆರೆ. ಕೆರೆಗೆ ಒಬ್ಬ ಕಾವಲುಗಾರ. ಯಾವಾಗಲೂ ಪರ ಊರಿನವನೇ. ಹಾಗಾಗಿ ಊರವರು ಪಾಳಿ ಹಾಕಿಕೊಂಡು ಕಾವಲುಗಾರನನ್ನೇ ಕಾಯುತ್ತಿದ್ದರು. ಒಂದು ವರ್ಷ ರಾಜ ಅದೇ ಊರಿನ ಹುಡುಗನನ್ನು ಕಾವಲಿಗೆ ಹಾಕಿದ. ನಮ್ಮ ಹುಡುಗ ಇದ್ದಾನಲ್ಲ ಎಂದು ಊರಿಗೆ ಊರೇ ಚಾದರ ಎಳೆದುಕೊಂಡು ಮಲಗಿತು. ಮುಂದೇನಾಯಿತೋ ಗೊತ್ತಿಲ್ಲ, ಅಜ್ಜಿ ಹೇಳುವಾಗ ನನಗೂ ನಿದ್ದೆ ಬಂದಿತ್ತು.

ಎಲ್ಲರೂ ನಕ್ಕು ಮನೆಗೆ ಹೋದರು. ಅಳತೆ ಯಾಕೆ ಎಂದು ಒಂದು ಸಾಲು ಬರಿ. ಅವರಿಗೆ ಓದಿ ಹೇಳುತ್ತೇನೆ.

ನಬಿ


ರಾಯಬಾಗ
೧೫ ಏಪ್ರಿಲ್ ೨೦೨೧

ನಬಿ,

ಪತ್ರ ತಲುಪಿತು. ಕೆಲಸದ ಒತ್ತಡದಿಂದ ಉತ್ತರ ತಡವಾಯಿತು.

ಅಳತೆ ಮಾಮೂಲಿನದು. ನಮ್ಮ ಎಲ್ಲ ಚರ್ಚುಗಳ ಜಾಗವನ್ನೂ ಅಳೆಯುತ್ತಿದ್ದಾರೆ, ದಾಖಲೆ ಸರಿ ಮಾಡಲು. ಯಾರೂ ಗಾಬರಿಯಾಗುವ ಕಾರಣವಿಲ್ಲ. ಹೀಗೆಂದು ಸಭೆಯವರಿಗೆ ಓದಿ ಹೇಳು.

ಈಗಿನ ಬಿಷಪ್ಪರು ಇಪ್ಪತ್ಮೂರರಲ್ಲಿ ನಿವೃತ್ತರಾಗುತ್ತಾರೆ. ಆಯ್ಕೆಯಲ್ಲಿ ನನ್ನ ಹೆಸರೂ ಇರುತ್ತದೆ ಎನ್ನುತ್ತಿದ್ದಾರೆ. ಆ ದಿನ ಬಂದರೆ ಮೊದಲ ಆರಾಧನೆ ಕರೋಶಿಯಲ್ಲೇ. ಆಗ ಯಾರ ಪತ್ರವೂ ಬೇಕಾಗುವುದಿಲ್ಲ. ಅಲ್ಲಿಯ ತನಕ ತಾಳ್ಮೆ ಇರಲಿ.

ಅಕ್ಕನ ಮೊಣಕಾಲಿಗೆ ಎಣ್ಣೆ ಕಳಿಸಿದ್ದೇನೆ. ದಿನಕ್ಕೆ ಎರಡು ಸಲ.

ಸುಹಾಸ


ಕರೋಶಿ
೧೪ ನವೆಂಬರ್ ೨೦೨೨

ಲೇ ಸುಹಾಸ,

ಎಣ್ಣೆ ಮುಗಿದು ವರ್ಷವಾಯಿತು. ಒಳ್ಳೆಯ ಎಣ್ಣೆ. ಅವಳ ಮೊಣಕಾಲಿಗೆ ಏನೂ ಆಗಲಿಲ್ಲ. ಉಳಿದದ್ದನ್ನು ನಾನು ಕೀಲಿಗೆ ಬಿಟ್ಟೆ, ಚರ್ಚಿನ ಬಾಗಿಲು ಈಗ ಸದ್ದಿಲ್ಲದೆ ತೆರೆಯುತ್ತದಂತೆ.

ಏಳು ಮನೆ ಈಗ ನಾಲ್ಕಾಗಿವೆ. ಎರಡು ಮನೆಯವರು ಇಚಲಕರಂಜಿಯ ಮಗ್ಗಕ್ಕೆ ಹೋದರು. ಒಂದು ಮನೆಯವರು ಭಾನುವಾರ ಬೇರೆ ಪ್ರಾರ್ಥನೆಗೆ ಹೋಗುತ್ತಾರೆ. ಅಲ್ಲಿ ಮೈಕು ಇದೆಯಂತೆ. ಚಿಕ್ಕೋಡಿಯ ಪಾದ್ರಿ ತಿಂಗಳಿಗೊಮ್ಮೆ ಬರುತ್ತಾರೆ. ಉಳಿದ ಭಾನುವಾರ ನೀಲಮಕ್ಕನೇ ಗಂಟೆ ಬಾರಿಸಿ, ಬಾಗಿಲು ತೆರೆದು, ಹಾಡಿ, ಬಾಗಿಲು ಮುಚ್ಚುತ್ತಾಳೆ. ರೊಟ್ಟಿ ಇರುವ ಭಾನುವಾರ ಮಾತ್ರ ಹಿಂದಿನ ಚಾಪೆಗೆ ಹೋಗಿ ಕೂಡುತ್ತಾಳೆ. ಚರ್ಚನ್ನೇ ನಡೆಸುವವಳಿಗೆ ಒಂದು ತುಣುಕು ರೊಟ್ಟಿ ಇಲ್ಲ. ನಿಮ್ಮ ಕಾಯಿದೆ ನಮ್ಮ ಪಂಚಾಯಿತಿಯವರ ಕಾಯಿದೆಗಿಂತ ಗಟ್ಟಿ.

ನಾಲ್ಕು ಮನೆಯವರಿಗೂ ನಿನ್ನ ಪತ್ರ ಓದಿ ಹೇಳಿದ್ದೆ. ಮೊದಲ ಆರಾಧನೆ ಕರೋಶಿಯಲ್ಲಿ ಎಂಬ ಸಾಲನ್ನು ಎರಡು ಸಲ ಓದಿಸಿದರು.

ನಬಿ


ನಿಪ್ಪಾಣಿ
೯ ಅಕ್ಟೋಬರ್ ೨೦೨೩

ನಬಿ,

ಆಯ್ಕೆಯಾಗಲಿಲ್ಲ.

ಅಕ್ಕನಿಗೆ ನಿಧಾನವಾಗಿ ಹೇಳು. ನಾನು ಸಹಾಯಕನಾಗಿಯೇ ಮುಂದುವರಿಯುತ್ತೇನೆ, ಬರುವ ಆಗಸ್ಟಿನ ತನಕ.

ಸುಹಾಸ


ಕರೋಶಿ
೨೨ ಜನವರಿ ೨೦೨೪

ಲೇ ಸುಹಾಸ!

ಕಳ್ಳ! ನಮಗೆ ಹೇಳದೆ ಚಿಕ್ಕೋಡಿ ಪಾದ್ರಿಗೆ ಪತ್ರ ಕಳಿಸಿದ್ದೀಯಾ? ನಿನ್ನೆ ಅವರು ಬಂದು ಓದಿದರು: ಫೆಬ್ರವರಿ ಹದಿನೇಳು, ಶನಿವಾರ ಬೆಳಿಗ್ಗೆ ಹತ್ತು ಗಂಟೆಗೆ ಸಹಾಯಕ ಬಿಷಪ್ಪರು ಕರೋಶಿಯಲ್ಲಿ ವಿಶೇಷ ಆರಾಧನೆ ನಡೆಸುವರು, ಸಭೆಯವರೆಲ್ಲ ಹಾಜರಿರಬೇಕು.

ಪಾದ್ರಿಯ ಮುಖ ಯಾಕೋ ಸಣ್ಣಗಾಗಿತ್ತು. ಖರ್ಚಿನ ಚಿಂತೆ ಇರಬೇಕು. ನಾನು ಬೆನ್ನು ತಟ್ಟಿ, "ಹೋಳಿಗಿ ನಮ್ಮ ಕಡೆ, ನೀವ ಬರೇ ಬರ್ರಿ" ಅಂದೆ.

ನೀಲಮಕ್ಕ ಮನೆಗೆ ಹೋಗಿ ಟ್ರಂಕಿನಿಂದ ಆ ಬಿಳಿ ಸೀರೆ ತೆಗೆದಳು. ಹೌದು, ಅರವತ್ತೊಂಬತ್ತರದ್ದೇ. ಮಡಿಕೆಯಲ್ಲಿ ಹರಿದಿದೆ. ಕೌಸರ, ನನ್ನ ಸೊಸೆ, ಕೂತು ಹೊಲಿಯುತ್ತಿದ್ದಾಳೆ. ನಾನು ಕುರ್ಚಿಗೆ ಪಾಲಿಶ್ ಹಚ್ಚಿದ್ದೇನೆ. ಶನಿವಾರ ತಲೆಯ ಮೇಲೆ ಕೈ, ಭಾನುವಾರ ರೊಟ್ಟಿ. ಭಾನುವಾರದ ತನಕ ಉಳಿಯುತ್ತೀಯಲ್ಲ?

ನಬಿ


ಅಥಣಿ
೫ ಫೆಬ್ರವರಿ ೨೦೨೪

ನಬಿ,

ಭಾನುವಾರದ ತನಕ ಉಳಿಯಲಾಗುವುದಿಲ್ಲ. ದಯವಿಟ್ಟು ಹೆಚ್ಚಿನ ಏರ್ಪಾಡು ಬೇಡ. ಹೋಳಿಗೆ ಬೇಡ. ಗೋಡೆಗೆ ಸುಣ್ಣ ಹಚ್ಚಬೇಡಿ.

ಅಕ್ಕನಿಗೆ ಹೇಳು, ಬೇಡ, ಏನೂ ಹೇಳಬೇಡ. ನಾನೇ ಬಂದು ಹೇಳುತ್ತೇನೆ.

ಸುಹಾಸ


ಕರೋಶಿ
೧೯ ಫೆಬ್ರವರಿ ೨೦೨೪

ಸಹಾಯಕ ಬಿಷಪ್ ಅವರಿಗೆ,

ನಿಮ್ಮ ಪತ್ರ ಬಂದಾಗ ಸುಣ್ಣ ಹಚ್ಚಿಯಾಗಿತ್ತು. ನಮಗೆ ಖರ್ಚಾಗಬಾರದೆಂದು ಹಾಗೆ ಬರೆದಿರಿ ಎಂದುಕೊಂಡೆವು.

ಆ ದಿನ ನೀವು ಕಾಗದ ನೋಡುತ್ತಿದ್ದಿರಿ. ನಾನು ಕುರ್ಚಿಯ ಬದಿಯ ಬಾಗಿಲಲ್ಲಿ ಚಪ್ಪಲಿಗಳ ಪಕ್ಕ ನಿಂತು ಎಲ್ಲರ ತುಟಿ ನೋಡುತ್ತಿದ್ದೆ. ಕಿವಿ ಇದ್ದವರು ಒಂದು ಮಾತು ಬಿಟ್ಟಾರು, ನಾನು ಬಿಡುವುದಿಲ್ಲ. ನೀವು ಮರೆತಿದ್ದರೆ ಇರಲಿ ಎಂದು ಬರೆದಿಡುತ್ತೇನೆ.

ನೀವು ಕೆಂಪು ನಿಲುವಂಗಿ ಹಾಕಿ, ಕೋಲು ಹಿಡಿದು ಒಳಗೆ ಬಂದಿರಿ. ನಾಲ್ಕು ಮನೆಯ ಹನ್ನೊಂದು ಜನ ಎದ್ದು ನಿಂತರು. ನಾನು ಕುರ್ಚಿಯ ಕಡೆ ಕೈ ಮಾಡಿ ತೋರಿಸಿದೆ. ನೀವು ಕೂಡಲಿಲ್ಲ. ನೀಲಮಕ್ಕ ಬಿಳಿ ಸೀರೆಯಲ್ಲಿ ಎದ್ದು ಬಂದು, ಕುರ್ಚಿಯ ಕೈ ಹಿಡಿದು, ಆ ಮೊಣಕಾಲು ಊರಿ ಕೂತಳು. ಊರುವಾಗ ಅವಳ ಮುಖ ಹೇಗಾಯಿತೆಂದು ನೀವು ನೋಡಿರಬೇಕು.

"ಕೈ ಇಡೋ ತಮ್ಮಾ" ಅಂದಳು. "ಉತ್ತರ ಎಲ್ಲಾ ಬರತಾವ ನನಗ."

ನೀವು ಕೈ ಚಾಚಿದಿರಿ. ಅದು ಅರ್ಧಕ್ಕೆ ನಿಂತಿತು.

"ಅಕ್ಕಾ, ನಾ ಚರ್ಚ ಮುಚ್ಚಾಕ ಬಂದೀನಿ."

ಅವಳು ನಕ್ಕಳು. ನೀವು ಚೇಷ್ಟೆ ಮಾಡುತ್ತಿದ್ದೀರಿ ಎಂದುಕೊಂಡಳು. "ಈಗ ತಗದೇವಿ, ಈಗ ಯಾಕ ಮುಚ್ಚತಿ?"

"ಇವತ್ತಿಗೆ ಕಡೀದು. ನಾಲ್ಕ ಮನಿ ಅದಾವ, ನಡಸಾಕ ಆಗೂದಿಲ್ಲ ಅಂದಾರ. ನೀವೆಲ್ಲಾ ಚಿಕ್ಕೋಡಿ ಸಭಾಕ್ಕ ಸೇರತೀರಿ. ಇಲ್ಲೆ ಮದವಿಗೆ ಮಂಗಲ ಕಾರ್ಯಾಲಯ ಕಟ್ಟತಾರ."

"ಯಾರ ಅಂದಾರ?"

"ಮ್ಯಾಲಿನವರು."

"ಮ್ಯಾಲಿನವರಂದ್ರ, ದೇವರಾ?"

ಹಿಂದೆ ಯಾರೋ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕರು.

"ಆಫೀಸಿನವರು, ಅಕ್ಕಾ."

"ನೀ ಏನಂದಿ?"

ನಿಮ್ಮ ತುಟಿ ಅಲುಗಿದ್ದು ನನಗೂ ಓದಲಾಗಲಿಲ್ಲ. ಅವಳು ಮತ್ತೆ ಕೇಳಿದಳು. ಆಗ ಹೇಳಿದಿರಿ: "ನಾನೂ ಸಹಿ ಮಾಡೀನಿ. ಮೂರ ವರ್ಷದ ಹಿಂದ."

"ಯಾವ ಕೈಲೆ?"

ನೀವು ನಿಮ್ಮ ಬಲಗೈ ನೋಡಿಕೊಂಡಿರಿ. ಅದು ಇನ್ನೂ ಅವಳ ತಲೆಯ ಮೇಲೆ, ಒಂದು ಗೇಣು ಎತ್ತರದಲ್ಲಿತ್ತು.

"ಹಂಗಾರ ಅದನ್ನ ನನ್ನ ತಲಿ ಮ್ಯಾಲ ಇಡಬ್ಯಾಡೋ ತಮ್ಮಾ" ಅಂದಳು. ಸಿಟ್ಟಿನಿಂದ ಅಲ್ಲ. ಉಪ್ಪು ಸಾಕು ಅಂದ ಹಾಗೆ. ಕುರ್ಚಿಯ ಕೈ ಹಿಡಿದೇ ಎದ್ದಳು. ಎಬ್ಬಿಸಲು ಬಂದ ಪಾದ್ರಿಯ ಕೈ ಸರಿಸಿದಳು. ಹಿಂದಿನ ಚಾಪೆಗೆ ಹೋಗಿ ಕೂತಳು. ನೀವು ನಿಂತೇ ಕಾಗದ ಓದಿದಿರಿ. ಇನ್ನು ಮುಂದೆ ಈ ಕಟ್ಟಡ ದೇವರ ಮನೆಯಲ್ಲ ಎಂಬ ಸಾಲು ಬಂದಾಗ ಅವಳು ತಲೆಯ ಸೆರಗು ಸರಿಮಾಡಿಕೊಂಡಳು.

ನಿಮ್ಮ ಗಾಡಿ ಹೋದ ಮೇಲಿನದು ನಿಮಗೆ ಗೊತ್ತಿಲ್ಲ. ಅವಳು ಎದ್ದು, ಕುರ್ಚಿಯ ಕೈ ಮೇಲೆ ತಾನು ಹಿಡಿದ ಜಾಗವನ್ನು ಸೆರಗಿನಿಂದ ಒರೆಸಿದಳು. ಶನಿವಾರ ತಾನೇ.

ಸಾಮಾನೆಲ್ಲ ಚಿಕ್ಕೋಡಿಗೆ ಹೋಯಿತು. ಕುರ್ಚಿ ಬೇಡವೆಂದರು; ಅಲ್ಲಿ ಬಿಷಪ್ಪರದು ಒಂದಿದೆಯಂತೆ. ನನ್ನ ಶೆಡ್ಡಿನಲ್ಲಿ ಇಟ್ಟಿದ್ದೇನೆ.

ಅಳತೆ ಮಾಮೂಲಿನದು ಎಂದು ನೀವು ಬರೆದ ಪತ್ರವನ್ನು ತೆಗೆದು ಮತ್ತೆ ಓದಿದೆ. ಆ ಪತ್ರವನ್ನು ಜನರಿಗೆ ಓದಿ ಹೇಳಿದ ಬಾಯಿ ನನ್ನದು.

ನಬಿಸಾಬ


ನಿಪ್ಪಾಣಿ
೨ ಸೆಪ್ಟೆಂಬರ್ ೨೦೨೪

ನಬಿ,

ಈ ಆರು ತಿಂಗಳಲ್ಲಿ ನಾಲ್ಕು ಪತ್ರ ಬರೆದು ಹರಿದೆ. ಇದನ್ನು ಹರಿಯುವುದಿಲ್ಲ.

ಮೊನ್ನೆ ಶನಿವಾರ ನಿವೃತ್ತನಾದೆ. ಒಂದು ಶಾಲು, ಹಾರ, ಎರಡು ಭಾಷಣ. ಕೋಲನ್ನು ಆಫೀಸಿನ ಕಪಾಟಿನಲ್ಲಿ ಇಟ್ಟು ಬಂದೆ. ನಾನು ಸೇವೆ ಮಾಡಿದ ಊರುಗಳನ್ನು ಒಬ್ಬರು ಓದಿ ಹೇಳಿದರು: ರಾಯಬಾಗ, ಅಥಣಿ, ಕಾಗವಾಡ, ನಿಪ್ಪಾಣಿ. ಕರೋಶಿಯನ್ನೂ ಸೇರಿಸಿದ್ದರು. ಅಲ್ಲಿ ನಾನು ನಡೆಸಿದ ಆರಾಧನೆ ಒಂದೇ ಎಂದು ಅವರಿಗೆ ಗೊತ್ತಿರಲಿಲ್ಲ.

ನಿನಗೆ ಹೇಳದೆ ಇದ್ದದ್ದು ಎರಡು.

ಒಂದು. ಕರೋಶಿಗೆ ಬರಲು ಬಿಷಪ್ಪರು ಪತ್ರ ಕೊಡಲಿಲ್ಲ ಎಂದು ಬರೆಯುತ್ತಿದ್ದೆ. ನಾನು ಕೇಳಿಯೇ ಇರಲಿಲ್ಲ. ಒಮ್ಮೆಯೂ ಇಲ್ಲ. ವಖಾರದ ಹಮಾಲನ ಮಗ ಮೇಲೆ ಬಂದಿದ್ದಾನೆ, ಈಗ ತನ್ನ ಕೇರಿ, ತನ್ನ ಜನ ಅನ್ನುತ್ತಾನೆ ನೋಡಿ, ಎಂದು ಆಡಿಕೊಳ್ಳುತ್ತಾರೆ ಎಂಬ ಭಯ. ಕೇಳಿದ್ದರೆ ಕೊಡುತ್ತಿದ್ದರೋ ಏನೋ. ಬೇರೆ ಎಲ್ಲ ಊರಿಗೂ ಹೋದೆ, ಯಾರ ಪಕ್ಷಕ್ಕೂ ಸೇರದವನು ಎನಿಸಿಕೊಳ್ಳಲು.

ಎರಡು. ಜಾಗದ ಸಮಿತಿಯಲ್ಲಿ ನಾವು ನಾಲ್ವರು. ನಾಲ್ಕೂ ಸಹಿ ಬೇಕಿತ್ತು. ನಾನು ಮಾಡದಿದ್ದರೆ ಕಾಗದ ಅಲ್ಲೇ ನಿಲ್ಲುತ್ತಿತ್ತು. ಸಹಿ ಮಾಡದಿದ್ದರೆ ಆಯ್ಕೆಯಲ್ಲಿ ನನ್ನ ಹೆಸರಿರುವುದಿಲ್ಲ ಎಂದು ಯಾರೂ ಹೇಳಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ. ಬಿಷಪ್ ಆದ ದಿನ ಮೊದಲು ಆ ಕಾಗದ ಹರಿಯುತ್ತೇನೆ ಎಂದು ಲೆಕ್ಕ ಹಾಕಿ ಸಹಿ ಮಾಡಿದೆ. ನಿನ್ನ ಪತ್ರ ಬಂದಾಗ ಶಾಯಿ ಇನ್ನೂ ಹಸಿಯಾಗಿತ್ತು. ಕೆರೆಯ ಕಾವಲುಗಾರನ ಕತೆಯಲ್ಲಿ ಮುಂದೇನಾಯಿತೆಂದು ನನಗೆ ಆವತ್ತೇ ಗೊತ್ತಿತ್ತು.

ಚಿಕ್ಕಂದಿನಿಂದ ನಾನು, ದೊಡ್ಡವರು ಹೇಳಿದ್ದನ್ನು ಮಾಡುವ ಹುಡುಗ. ಬೋರ್ಡಿಂಗಿನಲ್ಲಿ ಅದಕ್ಕೇ ಬಹುಮಾನ ಬರುತ್ತಿತ್ತು. ಆ ಬಹುಮಾನಗಳೇ ಒಂದರ ಮೇಲೊಂದು ಕೂತು ಸಹಾಯಕ ಬಿಷಪ್ ಆದವು.

ಈಗ ಒಂದು ಕೇಳುತ್ತೇನೆ. ಕೋಲು ಹೋದರೂ ಕೈ ಇಡುವ ಅಧಿಕಾರ ಸಾಯುವ ತನಕ ಹೋಗುವುದಿಲ್ಲ. ಈಗ ಯಾರ ಪತ್ರವೂ ಬೇಡ. ನಾನು ಬಸ್ಸಿನಲ್ಲಿ ಬರುತ್ತೇನೆ. ನಿನ್ನ ಶೆಡ್ಡಿನಲ್ಲಿ, ಆ ಕುರ್ಚಿಯ ಮುಂದೆ, ಅಕ್ಕ ಮೊಣಕಾಲು ಊರುವುದು ಬೇಡ, ಅವಳೇ ಕುರ್ಚಿಯ ಮೇಲೆ ಕೂಡಲಿ, ನಾನು ನಿಂತು ಕೈ ಇಡುತ್ತೇನೆ. ಬಲಗೈ ಬೇಡವೆಂದರೆ ಎಡಗೈ.

ಅವಳಿಗೆ ಓದಿ ಹೇಳು. ಬಾ ಅಂದರೆ ಅದೇ ದಿನ ಹೊರಡುತ್ತೇನೆ.

ಸುಹಾಸ


ಕರೋಶಿ
೨೨ ಸೆಪ್ಟೆಂಬರ್ ೨೦೨೪

ಸುಹಾಸ,

ನೀನು ಈಗ ಯಾವ ಸಾಹೇಬನೂ ಅಲ್ಲ, ಅದಕ್ಕೆ ಮತ್ತೆ ನೀನು ಅನ್ನುತ್ತಿದ್ದೇನೆ. ಬೇರೆ ಕಾರಣವಿಲ್ಲ.

ಕುರ್ಚಿಯ ಸುದ್ದಿ ಮೊದಲು. ಶೆಡ್ಡಿನಲ್ಲಿ ಅದರ ಮೇಲೆ ಯಾರೂ ಕೂಡುವುದಿಲ್ಲ. ಗಿರಾಕಿಗಳು ನಿಂತೇ ಮಾತಾಡುತ್ತಾರೆ. ಆಷಾಢದಲ್ಲಿ ಹುಸೇನಬಿಯ ಕೋಳಿ ಅದರ ಮೇಲೆ ಮೊಟ್ಟೆ ಇಟ್ಟಿತು. ನೀನು ಇದ್ದಿದ್ದರೆ ನಗುತ್ತಿದ್ದೆ. ಚರ್ಚು ಕೆಡವಿದ ಮೇಲೂ ನೀಲಮಕ್ಕ ಶನಿವಾರ ಬಿಟ್ಟಿರಲಿಲ್ಲ. ಗೋಡೆ ಹಿಡಿದು, ಬೇಲಿ ಹಿಡಿದು ನನ್ನ ಶೆಡ್ಡಿಗೆ ಬಂದು ಒರೆಸಿ ಹೋಗುತ್ತಿದ್ದಳು. ಉತ್ತರಗಳನ್ನು ಮಾತ್ರ ಹೇಳುತ್ತಿರಲಿಲ್ಲ.

ಹೋದ ಶನಿವಾರ ಅವಳು ಬಂದಾಗ ನಿನ್ನ ಪತ್ರ ಪೂರ್ತಿ ಓದಿದೆ. ಒಂದು ಸಾಲೂ ಬಿಡಲಿಲ್ಲ. ಮಧ್ಯದಲ್ಲಿ ನಿಲ್ಲಿಸಿದರೆ ಮುಂದೆ ಓದು ಎಂದು ಕೈ ಮಾಡಿದಳು. ಮುಗಿದ ಮೇಲೆ ತನ್ನ ಒರೆಸುವ ಬಟ್ಟೆ ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡಳು. ನನಗೆ ಸ್ಪಷ್ಟವಾಗಿ ಕಾಣುವ ಹಾಗೆ ಮುಖಕ್ಕೆ ಮುಖ ಕೊಟ್ಟು ಹೇಳಿದಳು:

"ಕೈ ಇಡತಾನಂತ. ಇಡಲಿ. ಇಟ್ಟ ಮ್ಯಾಲ ನಾ ಎಲ್ಲಿಗೆ ಹೋಗಿ ರೊಟ್ಟಿ ತಗೋಲಿ? ನಮ್ಮ ಮಂದಿ ಜೋಡಿ ಎದ್ದ ನಿಂತು ತಗೋಬೇಕಂತ ನಾ ಕಾದದ್ದು, ನಬೀ. ಮಂದಿ ಇಲ್ಲ, ಮೇಜ ಇಲ್ಲ. ಬರೇ ಕೈ ತಗೊಂಡ ಏನ ಮಾಡ್ಲಿ?"

ಚಿಕ್ಕ ಹುಡುಗಿಗೆ ಹೇಳುವ ಹಾಗೆ ನಾನು, ಚಿಕ್ಕೋಡಿಗೆ ರಿಕ್ಷಾ ಮಾಡೋಣ, ನಾನೇ ಕರೆದುಕೊಂಡು ಹೋಗುತ್ತೇನೆ ಅಂದೆ. ಅವಳು ನನ್ನ ಭುಜ ತಟ್ಟಿದಳು, ನೀನು ಮಾಡಿದ್ದು ಸಾಕು ಅನ್ನುವ ಹಾಗೆ.

ನಿನಗೆ ಏನು ಬರೆಯಲಿ ಎಂದು ಕೇಳಿದೆ.

"ಅವನ ಮ್ಯಾಲ ಸಿಟ್ಟಿಲ್ಲಂತ ಬರಿ" ಅಂದಳು. "ಸಿಟ್ಟ ಇದ್ದಿದ್ರ ಬಾ ಅಂತಿದ್ನಿ, ಬಂದು ಬೈಸ್ಕೊಂಡ ಹೋಗು ಅಂತಿದ್ನಿ. ಅದೂ ಇಲ್ಲ."

ಬಾಗಿಲ ತನಕ ಹೋಗಿ ತಿರುಗಿದಳು. "ದಡಾರ ಎದ್ದಾಗ ಅವನ ಮೈ ಬೆಂಕಿ ಆಗಿತ್ತ ನಬೀ. ಬಿಟ್ಟ ಹೋಗಾಕ ಬರತಿತ್ತೇನ?" ಅಂದಳು. ಬೇಲಿ ಹಿಡಿದು ಮನೆಗೆ ಹೊರಟಳು.

ಹಾಗಾಗಿ ಬಾ ಎಂದು ಬರೆಯಲು ನನಗೆ ಅಪ್ಪಣೆಯಿಲ್ಲ. ಬರಬೇಡ ಎಂದೂ ಅವಳು ಹೇಳಿಲ್ಲ.

ನಿನ್ನೆ ಶನಿವಾರ. ಅವಳು ಕುರ್ಚಿ ಒರೆಸಲು ಬರಲಿಲ್ಲ. ಕೌಸರಳನ್ನು ಕಳಿಸಿ ನೋಡಿಸಿದೆ. ಹುಷಾರಾಗಿಯೇ ಇದ್ದಾಳೆ, ಅಂಗಳದಲ್ಲಿ ಕೂತು ಅಕ್ಕಿ ಆರಿಸುತ್ತಿದ್ದಾಳೆ. ಸಂಜೆಯ ತನಕ ಕಾದೆ. ಕುರ್ಚಿಯ ಕೈ ಮೇಲೆ ಕಟ್ಟಿಗೆಯ ಪುಡಿ ಕೂತಿತ್ತು. ಕೈ ಒರೆಸುವ ನನ್ನ ಬಟ್ಟೆ ಹೆಗಲ ಮೇಲೇ ಇತ್ತು. ನಾನೂ ಒರೆಸಲಿಲ್ಲ.

ನಬಿ